ಫೋಜಿಯಾಳ ಹೆಸರಿನಲ್ಲಿ

ಸೆನೆ 9

ತಿಲಾಹುನ್ ಫೋನ್ ಮಾಡಿದ್ದ. ಗಡಿಯಾಚೆಯ ಜಿಬೂತಿ ಬಂದರಿನ ಕಂಪನಿಯವರು ಕೊನೆಗೂ ಅವನಿಗೆ ಮನೆ ಕೊಟ್ಟಿದ್ದಾರೆ. ಎರಡು ಕೋಣೆ, ಒಂದು ಅಡಿಗೆಮನೆ, ಹತ್ತು ಹೆಜ್ಜೆಗೆ ಶಾಲೆ. ನಾಲ್ಕು ವರ್ಷದಿಂದ ಕ್ರೇನ್ ರಿಪೇರಿ ಮಾಡಿಕೊಂಡು, ಹನ್ನೊಂದು ಗಂಡಸರ ಜೊತೆ ಒಂದೇ ಕೋಣೆಯಲ್ಲಿ ಮಲಗುತ್ತಿರುವ ನನ್ನ ಗಂಡ ಇವತ್ತು ಚಿಕ್ಕ ಹುಡುಗನ ಹಾಗೆ ಮಾತಾಡಿದ. ಷರತ್ತು ಒಂದೇ. ಹೊಸ ವರ್ಷಕ್ಕೆ, ಅಂದರೆ ಮೆಸ್ಕೆರೆಮ್ ಒಂದಕ್ಕೆ, ಸಂಸಾರ ಬಂದು ಮನೆಯಲ್ಲಿ ಇಳಿದಿರಬೇಕು. ತಪ್ಪಿದರೆ ಮನೆ ಸಾಲಿನಲ್ಲಿ ಮುಂದಿನವನಿಗೆ ಹೋಗುತ್ತದೆ.

"ಮೂರು ಪಾಸ್‌ಪೋರ್ಟ್, ಮೂರು ತಿಂಗಳು. ಆಗುತ್ತಾ ವುಬೆ?" ಎಂದ.

"ಯಾರನ್ನ ಕೇಳ್ತಿದೀಯ ನೀನು?" ಎಂದೆ.

ಪಾಸ್‌ಪೋರ್ಟ್ ಕಚೇರಿಯ ಎದುರು ಒಂಬತ್ತು ವರ್ಷದಿಂದ ಜೆರಾಕ್ಸ್ ಅಂಗಡಿ ಇಟ್ಟುಕೊಂಡು ದಿರೆ ದಾವಾದ ಅರ್ಧ ಊರಿನ ಅರ್ಜಿ ತುಂಬಿದವಳು ನಾನು. ಇವತ್ತೇ ಒಬ್ಬ ಒಂಟೆ ವ್ಯಾಪಾರಿ ಬಂದಿದ್ದ. ಹುಟ್ಟಿದ ದಿನಾಂಕ ಕೇಳಿದರೆ, "ರೈಲು ಕಮರಿಗೆ ಬಿತ್ತಲ್ಲ, ಆ ವರ್ಷ ಅಂತ ಬರಿಯಮ್ಮ" ಎಂದ. "ಮಾವ, ಪಾಸ್‌ಪೋರ್ಟ್ ಮಾಡಿಸ್ತಿರೋದು ನಿನಗೆ, ರೈಲಿಗಲ್ಲ. ಅಂದಾಜಲ್ಲಿ ಒಂದು ಸುಳ್ಳು ಬರೆಸಿದ್ರೆ ನಿನ್ನ ಮೊಮ್ಮಕ್ಕಳನ್ನೂ ಕಾಡುತ್ತೆ" ಎಂದು ವಾಪಸ್ ಕಳಿಸಿದೆ. ಸಾಲಿನಲ್ಲಿದ್ದವರೆಲ್ಲ ನಕ್ಕರು.

ಮೂವರ ಶುಲ್ಕ ಹದಿನೈದು ಸಾವಿರ ಬಿರ್. ತಿಲಾಹುನ್ ಆಗಲೇ ಕಳಿಸಿದ್ದಾನೆ. ಸಂತೋಷವಾಗಿದೆ. ಯಾರಿಗಾದರೂ ಹೇಳಿದರೆ ದೃಷ್ಟಿಯಾದೀತು, ಅದಕ್ಕೆ ಅಂಗಡಿಯಲ್ಲಿ ಉಳಿದಿದ್ದ ಈ ನೋಟ್ ಪುಸ್ತಕದಲ್ಲಿ ಬರೆಯುತ್ತಿದ್ದೇನೆ.

ಸೆನೆ 23

ಇವತ್ತು ಅಂಗಡಿ ತೆರೆಯಲಿಲ್ಲ.

ಬೆಳಗ್ಗೆ ಮಕ್ಕಳನ್ನು ಸ್ನಾನ ಮಾಡಿಸಿ ಪಾಸ್‌ಪೋರ್ಟ್ ಕಚೇರಿಗೆ ಕರೆದುಕೊಂಡು ಹೋದೆ. ಹಿಲಿನಾಳ ಫೋಟೋ ಆಯಿತು, ಬಿನ್ಯಾಮ್‌ನದೂ ಆಯಿತು. ಹತ್ತು ವರ್ಷದ ಹಿಲಿನಾ ನಗಬಾರದೆಂದರೆ ನಗಲಿಲ್ಲ, ಆರು ವರ್ಷದ ಅವಳ ತಮ್ಮ ಮೂರು ಸಲ ಹಲ್ಲು ಕಿರಿದ. ಆಮೇಲೆ ನನ್ನ ಸರದಿ. ಕೌಂಟರಿನ ಹುಡುಗಿ ಹತ್ತೂ ಬೆರಳು ಗಾಜಿನ ಮೇಲೆ ಒತ್ತಿಸಿಕೊಂಡಳು. ಪರದೆ ನೋಡಿದಳು, ನನ್ನನ್ನು ನೋಡಿದಳು, ಮತ್ತೆ ಪರದೆ ನೋಡಿದಳು.

"ಅಕ್ಕಾ, ಫೋಜಿಯಾ ಯಾರು?"

"ನಾನು ವುಬಾಲೆಮ್ ತೆಸೆಮಾ. ಅರ್ಜೀಲೇ ಇದೆಯಲ್ಲಮ್ಮ."

ಅವಳು ಪರದೆಯನ್ನು ನನ್ನ ಕಡೆ ತಿರುಗಿಸಿದಳು. ತಲೆಗೆ ಕಪ್ಪು ಬಟ್ಟೆ ಸುತ್ತಿದ, ಕಣ್ಣು ಊದಿದ ಒಬ್ಬ ಹುಡುಗಿ. ನಾನು. ಪಕ್ಕದಲ್ಲಿ ಹೆಸರು: ಫೋಜಿಯಾ ಸೈದ್. ವಯಸ್ಸು ನಲವತ್ತೊಂದು.

"ಅರ್ಜಿ ಒಂದು ಹೇಳುತ್ತೆ, ಬೆರಳು ಇನ್ನೊಂದು ಹೇಳುತ್ತೆ. ನಾನು ಬೆರಳನ್ನೇ ನಂಬಬೇಕಕ್ಕ" ಎಂದಳು. ಒರಟಾಗೇನೂ ಹೇಳಲಿಲ್ಲ. ತಾಯಿ ಯಾರೆಂದು ತೀರ್ಮಾನವಾಗುವವರೆಗೆ ಮಕ್ಕಳದ್ದೂ ತಡೆಹಿಡಿಯಬೇಕಂತೆ. ಮೂರು ಫೈಲೂ ಬೇರೆ ಕಪಾಟಿಗೆ ಹೋದವು.

ಹೊರಗೆ ಬಂದ ಮೇಲೆ ಬಿನ್ಯಾಮ್ ಕೇಳಿದ, "ಅಮ್ಮ, ನಮ್ಮ ಪುಸ್ತಕ ಎಲ್ಲಿ?" ಅವನ ಬೆನ್ನಿಗೆ ಒಂದು ಬಿಟ್ಟೆ. ಪಾಪದ ಕೂಸು.

ಸೆನೆ 24

ತಿಲಾಹುನ್‌ಗೆ ಹೇಳಲೇಬೇಕಾಯಿತು. ಹದಿನೇಳಕ್ಕೆ ನಾನು ಜೆದ್ದಾಕ್ಕೆ ಮನೆಗೆಲಸಕ್ಕೆ ಹೋಗಿದ್ದು ಅವನಿಗೆ ಗೊತ್ತು. ಹೆಸರಿನ ಸಂಗತಿ ಗೊತ್ತಿರಲಿಲ್ಲ. ಅಲ್ಲಿಯ ಮನೆಗಳಿಗೆ ಮುಸ್ಲಿಂ ಹುಡುಗಿಯರೇ ಬೇಕಿತ್ತು, ವಯಸ್ಸು ಇಪ್ಪತ್ತೈದು ದಾಟಿರಬೇಕಿತ್ತು. ನಮ್ಮೂರು ಬಾತಿಯಿಂದ ಆ ವರ್ಷ ಹೊರಟ ಹುಡುಗಿಯರಲ್ಲಿ ಅರ್ಧಕ್ಕರ್ಧ ಮಂದಿ ಬೇರೆ ಹೆಸರಿನಲ್ಲೇ ಹತ್ತಿದರು. ನನಗೆ ದಲ್ಲಾಳಿ ಒಂದು ಹೆಸರು ಕಟ್ಟಿದ. ಜೆದ್ದಾದಲ್ಲಿ ಮೂರನೇ ವರ್ಷ ನಮ್ಮ ರಾಯಭಾರ ಕಚೇರಿಯವರು ಹೊಸ ಪಾಸ್‌ಪೋರ್ಟ್ ಕೊಡುವಾಗ ಹತ್ತೂ ಬೆರಳು ಒತ್ತಿಸಿಕೊಂಡಿದ್ದರು. ವಾಪಸ್ ಬಂದ ಮೇಲೆ ಅದನ್ನೆಲ್ಲ ಮರೆತೇಬಿಟ್ಟಿದ್ದೆ.

ತಿಲಾಹುನ್ ಎಲ್ಲ ಕೇಳಿಸಿಕೊಂಡ. ಆಮೇಲೆ, "ಹಂಗಾದ್ರೆ ನೀನು ನನಗಿಂತ ದೊಡ್ಡೋಳು. ಇನ್ಮೇಲೆ ಅಕ್ಕ ಅನ್ನಬೇಕು" ಎಂದ. ನಗಿಸಲು ನೋಡಿದ. ನಗು ಬರಲಿಲ್ಲ.

ಸೆನೆ 25

ಎಲ್ಲರೂ ಮಾಡಿದ್ದನ್ನೇ ನಾನೂ ಮಾಡಿದ್ದು. ನನ್ನನ್ನು ಮಾತ್ರ ಹಿಡಿದುಕೊಂಡಿದ್ದಾರೆ.

ಹಮ್ಲೆ 8

ಎರಡು ವಾರ ಅಲೆದೆ. ತಿದ್ದುಪಡಿಗೆ ನ್ಯಾಯಾಲಯಕ್ಕೆ ಹೋಗಬೇಕು ಎನ್ನುತ್ತಾರೆ ಕಚೇರಿಯಲ್ಲಿ. ನ್ಯಾಯಾಲಯದ ಎದುರು ಕೂರುವ ವಕೀಲ ಎಂಟು ತಿಂಗಳು ಎಂದ. "ಎಂಟು ತಿಂಗಳಿಗೆ ಆ ಮನೇಲಿ ಬೇರೆಯವರ ಮಕ್ಕಳು ನಡೆಯೋಕೆ ಕಲಿತಿರ್ತಾರೆ ಸಾರ್" ಎಂದೆ. "ಹಾಗಾದ್ರೆ ಬೇರೆ ದಾರಿ ನೋಡ್ಕೊಳ್ಳಿ" ಎಂದ.

ಅಂಗಡಿಯಲ್ಲಿ ಜನ ಕೇಳುತ್ತಾರೆ, ನಿಮ್ಮದು ಯಾವಾಗ ಬರುತ್ತೆ ಅಂತ. ಬರುತ್ತೆ, ಬರುತ್ತೆ ಎನ್ನುತ್ತೇನೆ. ಇವತ್ತು ಒಬ್ಬಾಕೆಯ ಅರ್ಜಿಯಲ್ಲಿ ಅವಳ ಗಂಡನ ಹೆಸರಿನ ಜಾಗಕ್ಕೆ ಮಾವನ ಹೆಸರು ಬರೆದುಬಿಟ್ಟೆ. ಒಂಬತ್ತು ವರ್ಷದಲ್ಲಿ ಮೊದಲ ಸಲ.

ಹಮ್ಲೆ 17

ಬೇರೆ ದಾರಿಯ ಹೆಸರು ಮೂಸೆ. ಕಚೇರಿಯ ಎದುರಿನ ಜ್ಯೂಸ್ ಅಂಗಡಿಯಲ್ಲಿ ಇಡೀ ದಿನ ಕೂತು ಅವಕಾಡೊ ಜ್ಯೂಸ್ ಕುಡಿಯುವವನು. ನಾನು ಒಂಬತ್ತು ವರ್ಷದಿಂದ ಅವನನ್ನು ಕಂಡರೆ ಮುಖ ತಿರುಗಿಸುತ್ತಿದ್ದೆ. ಇವತ್ತು ಅವನೆದುರಿಗೆ ಕೂತೆ.

"ಬಾ ಅಕ್ಕ, ನಿನ್ನನ್ನೇ ಕಾಯ್ತಿದ್ದೆ" ಎಂದ. ಊರಿಗೆಲ್ಲ ಗೊತ್ತಾಗಿದೆ ಹಾಗಾದರೆ.

ಅವನ ಉಪಾಯ ಸುಲಭ. ಬೆರಳಿನ ಜೊತೆ ಜಗಳವಾಡಬಾರದು. ಬೆರಳು ಫೋಜಿಯಾ ಎನ್ನುತ್ತದೆಯಾ, ನಾನು ಫೋಜಿಯಾ ಆಗಿಬಿಡಬೇಕು. ಹಳೆಯ ಪಾಸ್‌ಪೋರ್ಟಿನ ನವೀಕರಣ ಅಷ್ಟೇ, ಒಂದು ವಾರದ ಕೆಲಸ. ಮಕ್ಕಳ ಜನನಪತ್ರದಲ್ಲಿ ತಾಯಿಯ ಹೆಸರು ಮಾತ್ರ ಹೊಸದಾಗಿ ಬರೆಸಬೇಕು. ಅದನ್ನು ಅವನು ನೋಡಿಕೊಳ್ಳುತ್ತಾನೆ. ಅರವತ್ತು ಸಾವಿರ.

"ಒಂದೇ ಒಂದು ಕಾಗದ ಬೇಕಕ್ಕ. ಫೋಜಿಯಾಳ ಮೂಲ ಜನನಪತ್ರ. ಅದು ಈಗ ಎಲ್ಲಿದೆ?"

"ಗೊತ್ತಿಲ್ಲ. ಆ ಹೆಸರು ದಲ್ಲಾಳಿ ಕಟ್ಟಿದ್ದು" ಎಂದೆ.

"ದಲ್ಲಾಳಿ ಕಟ್ಟಿದ ಹೆಸರಾದ್ರೆ ಹುಟ್ಟಿದ ತಾರೀಖು, ತಾಯಿ ಹೆಸರು, ಅಜ್ಜನ ಹೆಸರು ಎಲ್ಲ ಕಚೇರಿಯ ಪರದೆಯಲ್ಲಿ ಇಷ್ಟು ಚೊಕ್ಕವಾಗಿ ಇರಲ್ಲ ಅಕ್ಕ. ಇದು ನಿಜವಾದ ಮನುಷ್ಯರ ಕಾಗದ." ಅವನು ಹೀರುಕೊಳವೆಯಲ್ಲಿ ಲೋಟದ ತಳ ಎಳೆದ. "ಹುಡುಕು."

ಹಮ್ಲೆ 18

ಹುಡುಕಬೇಕಾಗಿಲ್ಲ. ಎಲ್ಲಿದೆ ಎಂದು ನನಗೆ ಗೊತ್ತು.

ಬಾತಿಯಲ್ಲಿ ನಮ್ಮ ಮನೆಗೂ ಫೋಜಿಯಕ್ಕನ ಮನೆಗೂ ನಡುವೆ ಒಂದೇ ಗೋಡೆ. ನನಗಿಂತ ಒಂಬತ್ತು ವರ್ಷ ದೊಡ್ಡವಳು. ನನಗೆ ಜಡೆ ಹಾಕುತ್ತಿದ್ದವಳು ಅವಳೇ. ಅವಳ ಅಮ್ಮ ಝಹ್ರಮ್ಮ ಕಾಗದಪತ್ರಗಳನ್ನೆಲ್ಲ ಹಾಸಿಗೆಯ ಕೆಳಗೆ ಇಡುತ್ತಿದ್ದಳು. ದಲ್ಲಾಳಿ, "ಇಪ್ಪತ್ತೈದು ದಾಟಿದ ಮುಸ್ಲಿಂ ಹುಡುಗಿಯ ಅಸಲಿ ಕಾಗದ ತಂದ್ರೆ ನಾಳೆಯೇ ಕೆಲಸ ಆಗುತ್ತೆ" ಎಂದಿದ್ದ. ಸೋಮವಾರದ ಸಂತೆಗೆ ಅವರಿಬ್ಬರೂ ಹೋಗಿದ್ದಾಗ ತೆಗೆದುಕೊಂಡೆ. ಶುಕ್ರವಾರ ಅದೇ ಜಾಗದಲ್ಲಿ ವಾಪಸ್ ಇಟ್ಟೆ. ಕದ್ದದ್ದು ಅಂತ ಹೇಗೆ ಹೇಳುವುದು? ವಸ್ತು ವಾಪಸ್ ಹೋಯಿತಲ್ಲ.

ನೆಹಾಸೆ 3

ತಿಲಾಹುನ್ ಅರವತ್ತು ಸಾವಿರ ಹೊಂದಿಸಿದ್ದಾನೆ. ಹೇಗೆ ಎಂದು ಕೇಳಲಿಲ್ಲ, ಅವನೂ ಹೇಳಲಿಲ್ಲ. ಮನೆಯ ಬೀಗದ ಕೈ ಕೊಟ್ಟಿದ್ದಾರಂತೆ, ಮೊಳೆಗೆ ನೇತುಹಾಕಿ ದಿನಾ ನೋಡುತ್ತಾನಂತೆ.

ಕದ್ದ ಕಾಗದದ ಸಂಗತಿಯನ್ನೂ ಹೇಳಿ, "ಬೇರೆಯವರ ಹೆಸರಲ್ಲಿ ಬರ್ಲಾ ನಾನು?" ಎಂದೆ.

"ನೀನು ಫೋಜಿಯಾನೋ ವುಬಾಲೆಮೋ ನನಗೇನು? ಮಕ್ಕಳಿಗೆ ತಾಯಿ ಬೇಕು, ನನಗೆ ಹೆಂಡತಿ ಬೇಕು. ಆ ಹೆಂಗಸಿನ ಕೈಕಾಲು ಹಿಡ್ಕೊಂಡಾದ್ರೂ ಕಾಗದ ತಗೊಂಡು ಬಾ."

ನಾಳೆ ಬೆಳಗ್ಗೆ ಬಸ್ಸು. ಮಕ್ಕಳು ಪಕ್ಕದ ಮನೆಯ ಸೊಮಾಲಿ ಅಜ್ಜಿಯ ಹತ್ತಿರ ಇರುತ್ತಾರೆ. ಫೋಜಿಯಕ್ಕನಿಗೆ ಹರಾರ್ ಕಾಫಿಬೀಜ ಎರಡು ಕೇಜಿ, ಒಂದು ಶಾಲು ತೆಗೆದುಕೊಂಡಿದ್ದೇನೆ. ಹದಿನೈದು ವರ್ಷದ ಮೇಲೆ ಒಂದು ಶಾಲು.

ನೆಹಾಸೆ 6, ಬಾತಿ

ದಾರಿಯುದ್ದಕ್ಕೂ ಏನು ಹೇಳಬೇಕೆಂದು ಬಾಯಿಪಾಠ ಮಾಡಿದ್ದೆ. ಬಾಗಿಲು ತೆಗೆದವಳು ಫೋಜಿಯಕ್ಕನೇ. ದಪ್ಪಗಾಗಿದ್ದಾಳೆ, ಮುಂದಲೆಯಲ್ಲಿ ಬಿಳಿ ಕೂದಲು. ನನ್ನನ್ನು ನೋಡಿ ಬೆಚ್ಚಿಬೀಳಲಿಲ್ಲ, ಅಪ್ಪಿಕೊಳ್ಳಲೂ ಇಲ್ಲ.

"ಬಾ ವುಬೆ. ಚಪ್ಪಲಿ ಅಲ್ಲೇ ಬಿಡು, ಒಳಗೆ ಸಾರಿಸಿದೀನಿ" ಎಂದಳು. ನಾನು ನಿನ್ನೆ ಸಂಜೆ ಎದ್ದುಹೋದವಳು ಇವತ್ತು ಬೆಳಗ್ಗೆ ಬಂದಂತೆ.

ಇಂಜೆರಾ ರೊಟ್ಟಿ ಹಾಕಿ ಮೇಲೆ ಕಡಲೆಹಿಟ್ಟಿನ ಶಿರೋ ಬಡಿಸಿದಳು. "ಫಿಲ್ಸೆತಾ ಉಪವಾಸ ಅಲ್ವಾ ನಿಂಗೆ? ಬೆಣ್ಣೆ ಹಾಕಿಲ್ಲ, ತಿನ್ನು." ಅವಳದಲ್ಲದ ಹಬ್ಬ, ಅವಳದಲ್ಲದ ಉಪವಾಸ, ಇನ್ನೂ ಲೆಕ್ಕ ಇಟ್ಟುಕೊಂಡಿದ್ದಾಳೆ. ಶಾಲು ಕೊಟ್ಟೆ. ಮಡಿಕೆ ಬಿಚ್ಚದೆ ಪಕ್ಕಕ್ಕಿಟ್ಟಳು.

"ಝಹ್ರಮ್ಮ ಎಲ್ಲಿ?" ಎಂದೆ.

"ಅಮ್ಮ ಹೋಗಿ ಮೂರು ವರ್ಷ ಆಯ್ತು." ಕಾಫಿಬೀಜ ಹುರಿಯಲು ಬಾಣಲೆ ಇಟ್ಟಳು. "ಪಾಸ್‌ಪೋರ್ಟ್ ವಿಷಯಕ್ಕೆ ಬಂದ್ಯಾ?"

ಬಾಯಿಪಾಠ ಮಾಡಿದ್ದೆಲ್ಲ ಮರೆತುಹೋಯಿತು. "ನಿಂಗೆ ಹೇಗೆ ಗೊತ್ತಕ್ಕ?"

"ಹತ್ತು ವರ್ಷದಿಂದ ಗೊತ್ತು."

ಹುರಿಯುತ್ತಲೇ ಹೇಳಿದಳು, ನನ್ನ ಮುಖ ನೋಡಲಿಲ್ಲ. ಕುವೈತಿನಲ್ಲಿ ಒಂದು ಆಸ್ಪತ್ರೆಯ ಅಡಿಗೆಮನೆಯಲ್ಲಿ ಅವಳಿಗೆ ಕೆಲಸ ಗೊತ್ತಾಗಿತ್ತು. ಪಾಸ್‌ಪೋರ್ಟಿಗೆ ಹೋದಳು. ಪರದೆಯ ಮೇಲೆ ಅವಳ ಹೆಸರಿತ್ತು, ಮುಖ ಅವಳದಾಗಿರಲಿಲ್ಲ. ತನ್ನ ಹೆಸರನ್ನೇ ಅವಳು ಕದ್ದಿದ್ದಾಳೆ ಎಂದು ಪೊಲೀಸರಿಗೆ ಕೊಟ್ಟರು. ಎರಡು ದಿನ ಕೂರಿಸಿಕೊಂಡಿದ್ದರು.

"ಈ ಹುಡುಗಿ ಯಾರು ಅಂತ ಕೇಳಿದ್ರು. ನೋಡ್ದೆ. ಅತ್ತು ಅತ್ತು ಮುಖ ಊದಿತ್ತು ನಿಂದು. ಗೊತ್ತಿಲ್ಲ ಅಂದೆ."

"ಯಾಕಕ್ಕ ಹಾಗಂದೆ?"

"ಮತ್ತಿನ್ನೇನು ಅನ್ನಲಿ? ನಿಮ್ಮಮ್ಮ ದಿನಾ ಬೆಳಗ್ಗೆ ಈ ಮಣೆ ಮೇಲೆ ಕೂತು ಕಾಫಿ ಕುಡೀತಿದ್ಲು. ನಿನ್ನ ಮಗಳನ್ನ ಜೈಲಿಗೆ ಹಾಕಿಸಿ ಬಂದೆ ಅಂತ ಕಾಫಿ ಕೊಡ್ಲಾ?"

ನನ್ನಮ್ಮ ಕೊನೆಗಾಲದಲ್ಲಿ ನನ್ನ ಹತ್ತಿರ ದಿರೆ ದಾವಾಕ್ಕೆ ಬಂದು ಅಲ್ಲೇ ತೀರಿಕೊಂಡಳು. ಸಾಯುವವರೆಗೂ ಫೋಜಿಯಾಳಂಥ ಹುಡುಗಿ ಇಲ್ಲ ಎನ್ನುತ್ತಿದ್ದಳು. ಅವಳಿಗೂ ಗೊತ್ತಿರಲಿಲ್ಲ.

ಎರಡನೇ ಸಲ ಅರ್ಜಿ ಹಾಕಿದ್ದು ಝಹ್ರಮ್ಮನ ಹಜ್‌ಗೆ. ಅಮ್ಮನಿಗೆ ಕಣ್ಣು ಮಂಜು, ಮಗಳು ಜೊತೆಗೆ ಹೋಗಬೇಕಿತ್ತು. ಅಮ್ಮನ ಪಾಸ್‌ಪೋರ್ಟ್ ಬಂತು, ಮಗಳದು ಬರಲಿಲ್ಲ. ಫೋಜಿಯಕ್ಕ ಅಮ್ಮನದನ್ನು ಟ್ರಂಕಿನಿಂದ ತೆಗೆದು ತೋರಿಸಿದಳು. ಹೊಚ್ಚ ಹೊಸದು, ಒಳಗೆ ಒಂದೇ ಒಂದು ಮುದ್ರೆ ಇಲ್ಲ. "ನೀನಿಲ್ಲದೆ ಹೋಗಲ್ಲ ಅಂದ್ಲು. ಮುಂದಿನ ವರ್ಷ ಇಬ್ರೂ ಹೋಗೋಣ ಅಂತ ಮೂರು ವರ್ಷ ಕಾದ್ಲು." ನಾನು ಆ ಪುಸ್ತಕ ಹಿಡಿದುಕೊಂಡು ಕೂತಿದ್ದೆ. ದಿನಕ್ಕೆ ಇಂಥ ಹತ್ತು ಪುಸ್ತಕ ಮುಟ್ಟುತ್ತೇನೆ, ಇದನ್ನು ಎಲ್ಲಿಡಬೇಕೆಂದು ಗೊತ್ತಾಗಲಿಲ್ಲ.

ಎರಡನೇ ಸುತ್ತಿನ ಕಾಫಿ ಬಗ್ಗಿಸುವಾಗ ಕೇಳಿದಳು, "ಜೆದ್ದಾದಲ್ಲಿ ಇದ್ದಾಗ ಮೆಕ್ಕಾ ನೋಡಿದ್ಯಾ?"

"ರಂಜಾನಿನಲ್ಲಿ ಯಜಮಾನಿ ಕರ್ಕೊಂಡು ಹೋಗಿದ್ಲು. ನಾನು ಹೋಟೆಲ್ ಕೋಣೇಲಿ ಮಗು ನೋಡ್ಕೊಂಡು ಇದ್ದೆ. ಕಿಟಕಿಯಿಂದ ಕಾಣ್ತಿತ್ತು."

"ಅವರು ನಿನ್ನ ಏನಂತ ಕರೀತಿದ್ರು?"

"ಫೋಜಿಯಾ ಅಂತ."

ಅವಳು ಎರಡೂ ಲೋಟ ತುಂಬಿ ನನ್ನದನ್ನು ಮುಂದೆ ಸರಿಸಿದಳು. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. ಕೊನೆಗೆ, "ಅಮ್ಮಂಗೆ ಹೇಳಬೇಕಿತ್ತು. ಮಗಳ ಹೆಸರು ಮೆಕ್ಕಾ ನೋಡ್ತಲ್ಲ, ಕಿಟಕಿಯಿಂದಾದ್ರೂ ಸರಿ, ಅನ್ನೋಳು" ಎಂದಳು.

ನಾನು ಬಂದ ಕಾರಣ ಹೇಳಿದೆ. ಹೇಗೆ ಹೇಳಿದೆನೋ. ಮನೆ, ಹೊಸ ವರ್ಷ, ಮಕ್ಕಳು, ಎಲ್ಲ ಒಂದೇ ಉಸಿರಿಗೆ. ಅವಳು ಎದ್ದು ಹಾಸಿಗೆಯ ಕೆಳಗಿನಿಂದ ಕಾಗದ ತೆಗೆದು ನನ್ನ ಮಡಿಲಲ್ಲಿ ಹಾಕಿದಳು.

"ತಗೋ. ನಂಗಿನ್ಯಾಕೆ? ಮಕ್ಕಳನ್ನ ಅವರಪ್ಪನ ಹತ್ರ ಸೇರಿಸು."

ನೆಹಾಸೆ 7

ಕಾಗದ ಚೀಲದಲ್ಲಿದೆ. ಬೆಳಗ್ಗೆ ಬಸ್ ನಿಲ್ದಾಣದಲ್ಲಿ ಒಬ್ಬ ಹೆಂಗಸು, ಹಳೆಯ ಪರಿಚಯ, "ಫೋಜಿಯಾಳ ಮನೆಗೆ ಬಂದಿದ್ಯಂತೆ" ಎಂದು ಮಾತಿಗೆ ನಿಂತಳು. "ಪಾಪ, ಅಮ್ಮನ ಪರವಾಗಿ ತಾನಾದ್ರೂ ಹಜ್ ಮಾಡಿ ಬರ್ತೀನಿ ಅಂತ ವರ್ಷಾ ವರ್ಷಾ ಪಟ್ಟಿಗೆ ಹೆಸರು ಕೊಡ್ತಾಳೆ. ವರ್ಷಾ ವರ್ಷಾ ಪಾಸ್‌ಪೋರ್ಟ್ ಇಲ್ಲ ಅಂತ ತೆಗೆದುಹಾಕ್ತಾರೆ. ಈ ಸಲಾನೂ ಕೊಟ್ಟಿದಾಳೆ."

ನಂಗಿನ್ಯಾಕೆ ಎಂದಳಲ್ಲ ನನಗೆ. ಬಸ್ಸು ಬಂತು, ಹತ್ತಿದೆ.

ನೆಹಾಸೆ 11

ಮೂಸೆ ಕಾಗದ ನೋಡಿ ಮುತ್ತಿಟ್ಟ. ಮಕ್ಕಳ ಹೊಸ ಜನನಪತ್ರವೂ ಅವನ ಜೇಬಿನಲ್ಲಿ ತಯಾರಿದೆ. ಶುಕ್ರವಾರ ಕೌಂಟರಿಗೆ ಹೋಗಬೇಕು. ಗಡಿಯಲ್ಲಿ ಮಕ್ಕಳನ್ನು ಬೇರೆ ನಿಲ್ಲಿಸಿ ಪ್ರಶ್ನೆ ಕೇಳಬಹುದು, ಕಲಿಸಿಕೊಡು ಎಂದ.

ಕಲಿಸಿದೆ. ಮಧ್ಯಾಹ್ನ ಊಟ ಆದಮೇಲೆ ಇಬ್ಬರನ್ನೂ ಎದುರಿಗೆ ಕೂರಿಸಿಕೊಂಡೆ.

"ನಿಮ್ಮ ಅಮ್ಮನ ಹೆಸರೇನು?"

"ಫೋಜಿಯಾ ಸೈದ್!" ಬಿನ್ಯಾಮ್‌ಗೆ ಆಟ. ಕುಣಿದುಕೊಂಡು ಹತ್ತು ಸಲ ಹೇಳಿದ.

ಹಿಲಿನಾ ಒಂದೇ ಸಲ, ತಪ್ಪಿಲ್ಲದೆ, ನನ್ನ ಕಣ್ಣನ್ನೇ ನೋಡುತ್ತ ಹೇಳಿದಳು. ಆಮೇಲೆ ಕೇಳಿದಳು, "ಅಮ್ಮ, ಫೋಜಿಯಾ ಸೈದ್ ಅಂತ ನಿಜವಾಗ್ಲೂ ಯಾರಾದ್ರೂ ಇದಾರಾ?"

"ಯಾರೂ ಇಲ್ಲ, ಅದೊಂದು ಹೆಸರು ಅಷ್ಟೇ" ಎಂದೆ.

ನೆಹಾಸೆ 13

ಊಟ ಸೇರುತ್ತಿಲ್ಲ. ಉಪವಾಸ ಎಂದು ಸುಳ್ಳು ಹೇಳುವ ಅಗತ್ಯವೂ ಇಲ್ಲ, ಉಪವಾಸವೇ ಇದೆ.

ನೆಹಾಸೆ 16

ಇದನ್ನು ನಿನ್ನೆಯೇ ಬರೆಯಬೇಕಿತ್ತು, ನಿನ್ನೆ ಸಂಜೆಯವರೆಗೂ ಪೊಲೀಸ್ ಠಾಣೆಯಲ್ಲಿದ್ದೆ.

ಕಚೇರಿಯಲ್ಲಿ ಬೆಂಚಿನ ಮೇಲೆ ಕೂತಿದ್ದೆ. ಮೂಸೆ ಹೊರಗೆ ಕಿಟಕಿಯಿಂದ ಹೆಬ್ಬೆರಳು ತೋರಿಸುತ್ತಿದ್ದ. ಅದೇ ಹುಡುಗಿ ಕೌಂಟರಿನಲ್ಲಿದ್ದಳು. ನನಗಿಂತ ಮುಂದೆ ಒಬ್ಬ ಮುದುಕಿ ಇದ್ದಳು, ಮಂಜುಗಣ್ಣು, ಮಗಳು ಕೈ ಹಿಡಿದುಕೊಂಡಿದ್ದಳು. ಇಬ್ಬರ ಬೆರಳೂ ಒತ್ತಿಸಿಕೊಂಡು ಎರಡು ನಿಮಿಷದಲ್ಲಿ ಕಳಿಸಿದರು. ಮುದುಕಿ ಹೋಗುವಾಗ ಕಂಡಕಂಡವರನ್ನೆಲ್ಲ ಹರಸಿದಳು, ನನ್ನನ್ನೂ.

"ಫೋಜಿಯಾ ಸೈದ್!" ಎಂದು ಕೂಗಿದಳು ಹುಡುಗಿ.

ಎದ್ದು ನಿಂತೆ. "ಅವರು ಬಾತಿಯಲ್ಲಿದಾರೆ" ಎಂದೆ.

"ಏನಕ್ಕ?"

"ಫೋಜಿಯಾ ಸೈದ್ ಬಾತಿಯಲ್ಲಿದಾರೆ. ನಾನು ವುಬಾಲೆಮ್. ಅವರ ಕಾಗದ ನಾನು ಕದ್ದಿದ್ದು. ಅವರ ಹೆಸರಿಂದ ನನ್ನ ಬೆರಳು ತೆಗೀಬೇಕು. ಅದಕ್ಕೆ ಯಾವ ಅರ್ಜಿ ತುಂಬಬೇಕು ಹೇಳಮ್ಮ, ನಂಗೆ ಗೊತ್ತಿರೋದ್ರಲ್ಲಿ ಅಂಥ ಅರ್ಜಿ ಇಲ್ಲ."

ಕಿಟಕಿ ನೋಡಿದೆ, ಮೂಸೆ ಇರಲಿಲ್ಲ. ಅವನಿಗೆ ಮುಂಗಡ ಕೊಟ್ಟ ಮೂವತ್ತು ಸಾವಿರವೂ ಅವನೊಟ್ಟಿಗೇ ಹೋಯಿತು.

ಹೇಳಿಕೆ ಬರೆದುಕೊಂಡರು, ಸಹಿ ಹಾಕಿಸಿಕೊಂಡರು. ಕೇಸು ಮುಗಿಯುವವರೆಗೆ ನನಗೆ ಪಾಸ್‌ಪೋರ್ಟ್ ಇಲ್ಲ. ಮಕ್ಕಳ ಹಳೆಯ ಜನನಪತ್ರ ಸರಿಯಾಗಿಯೇ ಇದೆ, ತಾಯಿ ವುಬಾಲೆಮ್ ಎಂದು ಬೆರಳೊತ್ತಿ ಒಪ್ಪಿಕೊಂಡಿದ್ದಾಳೆ, ಹಾಗಾಗಿ ಅವರದು ಹತ್ತು ದಿನದಲ್ಲಿ ಬರುತ್ತದೆ. ಇದನ್ನು ಹೇಳುವಾಗ ಆ ಹುಡುಗಿ ನನಗೊಂದು ಲೋಟ ನೀರು ಕೊಟ್ಟಳು.

ನೆಹಾಸೆ 17

ತಿಲಾಹುನ್ ಫೋನಿನಲ್ಲಿ ಕಿರುಚಿದ. ಮದುವೆಯಾಗಿ ಹನ್ನೊಂದು ವರ್ಷದಲ್ಲಿ ಕಿರುಚಿದ್ದಿಲ್ಲ.

"ಆ ಹೆಂಗಸೇ ತಗೋ ಅಂದ್ಲಲ್ಲೇ! ಅವಳೇ ಕೈಯೆತ್ತಿ ಕೊಟ್ಲಲ್ಲ! ಯಾರನ್ನ ಉದ್ಧಾರ ಮಾಡೋಕೆ ಹೋದೆ ನೀನು?"

"ಮಕ್ಕಳನ್ನ ಕರ್ಕೊಂಡು ಹೋಗು" ಎಂದೆ. ಫೋನ್ ಇಟ್ಟುಬಿಟ್ಟ.

ಪಗುಮೆ 3

ಬಂದ. ಹೊಸ ವರ್ಷಕ್ಕೆ ಮೂರೇ ದಿನ, ಅವನಿಗೆ ಒಂದೇ ದಿನ ರಜೆ. ನನ್ನ ಜೊತೆ ಬೇಕಾದಷ್ಟೇ ಮಾತು. ಮಕ್ಕಳ ಬಟ್ಟೆ, ಶಾಲೆಯ ಕಾಗದ, ಬಿನ್ಯಾಮ್‌ನ ಕೆಮ್ಮಿನ ಔಷಧಿ, ಬರ್ಬರೆ ಕಾರದಪುಡಿ ಎರಡು ಡಬ್ಬಿ ಕಟ್ಟಿದೆ. ಹಿಲಿನಾಳಿಗೆ ಬಿಗಿಯಾಗಿ ಜಡೆ ಹಾಕಿದೆ, ಎರಡು ವಾರ ಬಿಚ್ಚದ ಹಾಗೆ. ಹಾಕುತ್ತ ಹಾಕುತ್ತ ಫೋಜಿಯಕ್ಕ ಯಾರೆಂದು ಅವಳಿಗೆ ಹೇಳಿದೆ. ಎಲ್ಲ ಕೇಳಿಸಿಕೊಂಡು, "ಆವತ್ತು ಯಾರೂ ಇಲ್ಲ ಅಂದ್ಯಲ್ಲಮ್ಮ" ಎಂದಳು. ಹೌದು, ಸುಳ್ಳು ಹೇಳಿದೆ ಎಂದೆ.

ರೈಲು ಹೊರಟಾಗ ತಿಲಾಹುನ್ ಬಾಗಿಲಲ್ಲಿ ನಿಂತಿದ್ದ. ಕೈ ಬೀಸಲಿಲ್ಲ, ಒಳಗೂ ಹೋಗಲಿಲ್ಲ. ಕಾಣಿಸುವವರೆಗೂ ಹಾಗೆಯೇ ನಿಂತಿದ್ದ.

ಪಗುಮೆ 4

ಗಡಿಯಲ್ಲಿ ಅಧಿಕಾರಿ ಬಿನ್ಯಾಮ್‌ನನ್ನು ಅಮ್ಮನ ಹೆಸರು ಕೇಳಿದನಂತೆ. ಕಲಿಸಿದ ಹಾಗೆ ಎದೆಯುಬ್ಬಿಸಿ ಫೋಜಿಯಾ ಸೈದ್ ಎಂದುಬಿಟ್ಟನಂತೆ. ಮೂರು ಗಂಟೆ ನಿಲ್ಲಿಸಿಕೊಂಡರು. ಹಿಲಿನಾಳೇ ಮುಂದೆ ಬಂದು, "ಅದು ನಮ್ಮಮ್ಮನ ಪಕ್ಕದ ಮನೆ ಅಕ್ಕ, ನನ್ನ ತಮ್ಮಂಗೆ ಇಬ್ರೂ ಒಂದೇ" ಎಂದು ಹೇಳಿ ಬಿಡಿಸಿಕೊಂಡಳಂತೆ. ಹೇಳುವಾಗ ತಿಲಾಹುನ್ ನಕ್ಕ. ನಕ್ಕಿದ್ದು ನೆನಪಾಗಿ ಬೇಗ ಫೋನ್ ಇಟ್ಟ.

ಮೆಸ್ಕೆರೆಮ್ 1

ಹೊಸ ವರ್ಷ. ಮನೆ ಉಳಿಯಿತು. ಮೂವರೂ ಅದರಲ್ಲಿದ್ದಾರೆ.

ಇಲ್ಲಿ ಓಣಿಯ ಹುಡುಗಿಯರು ಹಳದಿ ಹೂ ಹಿಡಿದು ಮನೆಮನೆಗೆ ಹಾಡುತ್ತ ಬಂದರು. ಬಾಗಿಲು ತೆಗೆಯಲಾಗಲಿಲ್ಲ. ಒಳಗೆ ಕೂತು ಅತ್ತೆ.

ಮೆಸ್ಕೆರೆಮ್ 22

ನಾನಾಗಿಯೇ ಒಪ್ಪಿಕೊಂಡ ಕೇಸಾದ್ದರಿಂದ ಬೇಗ ಬಂತು. ಫೋಜಿಯಕ್ಕನಿಗೂ ಸಮನ್ಸ್ ಹೋಗಿತ್ತು. ಎರಡು ದಿನ ಬಸ್ಸಿನಲ್ಲಿ ಬಂದು, ಕಾಲು ಊದಿಸಿಕೊಂಡು, ನೇರ ನ್ಯಾಯಾಲಯಕ್ಕೆ ಬಂದಳು. ನಾನು ಕೊಟ್ಟ ಶಾಲು ಹೊದ್ದಿದ್ದಳು. ಅವಳು ದೂರು ಕೊಟ್ಟರೆ ಜೈಲು, ಇಲ್ಲವಾದರೆ ದಂಡ ಎಂದು ವಕೀಲ ಮೊದಲೇ ಹೇಳಿದ್ದ.

"ಈಕೆಯ ಮೇಲೆ ನಿಮ್ಮದೇನಾದರೂ ದೂರಿದೆಯೇ?" ಎಂದು ನ್ಯಾಯಾಧೀಶರು ಕೇಳಿದರು.

"ಇದೆ ಸ್ವಾಮಿ" ಎಂದಳು.

ಕಟಕಟೆ ಹಿಡಿದುಕೊಂಡೆ.

"ಕೇಳಲಿಲ್ಲ ಇವಳು. ಹದಿನೇಳು ವರ್ಷದ ಹುಡುಗಿ, ಮನೇಲಿ ಏನು ಕಷ್ಟ ಇತ್ತು ಅಂತ ನಂಗೆ ಗೊತ್ತಿರಲಿಲ್ವಾ? ಅಕ್ಕ ಕೊಡು ಅಂದಿದ್ರೆ ಕೊಡ್ತಿದ್ದೆ. ಕೇಳದೇ ತಗೊಂಡ್ಲು. ನನ್ನ ದೂರು ಅಷ್ಟೇ."

ಗುಮಾಸ್ತ ಇದನ್ನು ಬರೆದುಕೊಳ್ಳಬೇಕೋ ಬೇಡವೋ ಎಂದು ನ್ಯಾಯಾಧೀಶರ ಮುಖ ನೋಡಿದ. ಅವರು ಬರೆದುಕೋ ಎಂದರು.

ದಂಡ ಹಾಕಿದರು. ಒಂದು ವರ್ಷ ನನಗೆ ಪಾಸ್‌ಪೋರ್ಟ್ ಕೊಡಬಾರದು. ಫೋಜಿಯಾ ಸೈದ್ ಹೆಸರಿನಿಂದ ನನ್ನ ಬೆರಳು ತೆಗೆಯಬೇಕು. ತಿಲಾಹುನ್‌ಗೆ ಫೋನ್ ಮಾಡಿದೆ. "ಒಂದು ವರ್ಷನಾ?" ಎಂದ. ಆಮೇಲೆ, "ಸರಿ. ಬಿನ್ಯಾಮ್ ರಾತ್ರಿ ನಿನ್ನ ಕೇಳ್ತಾನೆ. ದಿನಾ ಮಲಗೋ ಹೊತ್ತಿಗೆ ಫೋನ್ ಮಾಡು" ಎಂದ.

ಮೆಸ್ಕೆರೆಮ್ 26

ಫೋಜಿಯಕ್ಕ ನಮ್ಮ ಮನೆಯಲ್ಲೇ ಇದ್ದಾಳೆ, ಮಕ್ಕಳ ಹಾಸಿಗೆಯಲ್ಲಿ ಮಲಗುತ್ತಾಳೆ. ಇವತ್ತು ನ್ಯಾಯಾಲಯದ ಆದೇಶ ಕಚೇರಿಗೆ ಮುಟ್ಟಿತು, ಅವಳ ಜನನಪತ್ರವೂ ಅವಳ ಕೈಗೆ ಬಂತು. ಇಲ್ಲೇ ಅರ್ಜಿ ಹಾಕಿಬಿಡು ಎಂದೆ. ನನ್ನ ಪಾಸ್‌ಪೋರ್ಟಿಗೆಂದು ಇಟ್ಟಿದ್ದ ಐದು ಸಾವಿರ ಹಾಗೇ ಇತ್ತು, ಕಟ್ಟಿದೆ. ಅವಳು ಬೇಡ ಎನ್ನಲಿಲ್ಲ. ಬೇಡ ಎನ್ನುತ್ತಾಳೇನೋ ಎಂದು ಹೆದರಿದ್ದೆ.

ಅಂಗಡಿಯಲ್ಲಿ ಬೆಂಚಿನ ತುಂಬ ಜನ. ಅವಳನ್ನು ಎದುರಿಗೆ ಕೂರಿಸಿಕೊಂಡು ಒಂದೊಂದೇ ಕಾಲಂ ಕೇಳಿಕೊಂಡು ತುಂಬಿದೆ. ಹೆಸರು, ತಂದೆಯ ಹೆಸರು, ಅಜ್ಜನ ಹೆಸರು, ಹುಟ್ಟಿದ ದಿನ. ಎಲ್ಲ ನನಗೆ ಬಾಯಿಗೇ ಬರುತ್ತಿತ್ತು, ನಾಲ್ಕು ವರ್ಷ ಜೆದ್ದಾದಲ್ಲಿ ಕೇಳಿದವರಿಗೆಲ್ಲ ಹೇಳಿದ್ದೇನೆ. ಆದರೂ ಕೇಳಿದೆ. ಅವಳು ನಿಧಾನವಾಗಿ ಹೇಳಿದಳು, ನಾನು ನಿಧಾನವಾಗಿ ಬರೆದೆ. ಪ್ರಯಾಣದ ಉದ್ದೇಶ ಎಂಬಲ್ಲಿ ಹಜ್ ಎಂದು ಬರೆಯುವಾಗ ಅಕ್ಷರ ಕೆಡದಂತೆ ಉಸಿರು ಹಿಡಿದುಕೊಂಡಿದ್ದೆ.

"ಏನಾದ್ರೂ ಹೆಚ್ಚುಕಮ್ಮಿ ಆದ್ರೆ ಯಾರಿಗೆ ತಿಳಿಸಬೇಕು ಅಂತ ಒಂದು ಹೆಸರು ಕೇಳ್ತಾರಕ್ಕ" ಎಂದೆ.

"ಮೊದಲೆರಡು ಸಲ ಅಮ್ಮನ ಹೆಸರು ಕೊಟ್ಟಿದ್ದೆ." ಸ್ವಲ್ಪ ಹೊತ್ತು ಯೋಚಿಸಿದಳು. "ನಿಂದು ಬರಿ."

ಬರೆದೆ. ವುಬಾಲೆಮ್ ತೆಸೆಮಾ, ದಿರೆ ದಾವಾ, ಫೋನ್ ನಂಬರು.

"ಪಕ್ಕದಲ್ಲಿ ಸಂಬಂಧ ಅಂತ ಇದೆ. ಏನಂತ ಬರೀಲಿ?"

"ಅರ್ಜಿ ತುಂಬೋಳು ನೀನು. ನನ್ನ ಕೇಳ್ತೀಯಲ್ಲ."

ಬೆಂಚಿನ ಮೇಲಿದ್ದವರು ಬೇಗ ಬೇಗ ಎಂದು ಗೊಣಗುತ್ತಿದ್ದರು. ನಾನು ಪೆನ್ನು ಹಿಡಿದುಕೊಂಡು ಕೂತೇ ಇದ್ದೆ. ಕೊನೆಗೆ ಪಕ್ಕದ ಮನೆಯವಳು ಎಂದು ಬರೆದೆ. ಅವಳು ಅರ್ಜಿ ತಿರುಗಿಸಿಕೊಂಡು ಓದಿದಳು. ಬಾತಿಗೂ ಇಲ್ಲಿಗೂ ಎರಡು ದಿನದ ದಾರಿ, ಕೌಂಟರಿನಲ್ಲಿ ಕೇಳಿದರೆ ಏನು ಹೇಳುತ್ತೀ ಎಂದೆ.

"ಹೌದು ಅಂತೀನಿ" ಎಂದಳು. ಅರ್ಜಿ ಮಡಚಿಕೊಂಡು ರಸ್ತೆ ದಾಟಿ ಸಾಲಿನಲ್ಲಿ ನಿಂತಳು.